ಹಿಮಶಿಖರಕ್ಕೆ ಮೊದಲ ಮೆಟ್ಟಿಲು

ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿಗಳ ಸೀಮೆ ತೆಂಗಿನ ನಾಡು. ಅಲ್ಲಿ ಕೆರೆಯ ಏರಿಯ ಮೇಲೆ ನಿಂತು ನೋಡಿದರೆ ಕಣ್ಣು ಹಾಯುವಷ್ಟು ದೂರವೂ ತೆಂಗಿನ ಮರಗಳೇ. ಈ ನಾಡಿನ ಮಕ್ಕಳಿಗೆ ಎತ್ತರವೆಂದರೆ ಮೊದಲು ನೆನಪಾಗುವುದು ತೆಂಗಿನ ಮರ. ಮರವನ್ನು ಹತ್ತದೆಯೇ ಅದರ ಎತ್ತರವನ್ನು ತಿಳಿಯಬಹುದೇ? ತಿಳಿಯಬಹುದು. ಬಿಸಿಲಿನಲ್ಲಿ ಒಂದು ಮೀಟರು ಉದ್ದದ ಕೋಲನ್ನು ನೆಟ್ಟಗೆ ನಿಲ್ಲಿಸಿ ಅದರ ನೆರಳನ್ನು ಅಳೆಯಬೇಕು. ಅದೇ ಗಳಿಗೆಯಲ್ಲಿ ಮರದ ನೆರಳನ್ನೂ ಅಳೆಯಬೇಕು. ಕೋಲಿನ ನೆರಳು ಅರ್ಧ ಮೀಟರು, ಮರದ ನೆರಳು ಎಂಟು ಮೀಟರು ಆಗಿದ್ದರೆ ಮರದ ಎತ್ತರ ಹದಿನಾರು ಮೀಟರು. ತ್ರಿಕೋನದ ಗುಣವನ್ನು ಬಲ್ಲವನು ನೆಲದ ಮೇಲೆ ನಿಂತೇ ಮರದ ತುದಿಯನ್ನು ಮುಟ್ಟಬಲ್ಲನು.

ಜಗತ್ತಿನ ಅತ್ಯುನ್ನತ ಶಿಖರವಾದ ಎವರೆಸ್ಟಿನ ಎತ್ತರವನ್ನು ಮಾನವನು ಕಂಡುಕೊಂಡುದೂ ತ್ರಿಕೋನದ ಬಲದಿಂದಲೇ. ಆ ಶಿಖರದ ಮೇಲೆ ಮನುಷ್ಯರು ಕಾಲಿಟ್ಟು ನಿಂತುದು 1953ರಲ್ಲಿ. ಅದರ ಎತ್ತರವು ಜಗತ್ತಿಗೆ ತಿಳಿದುದಾದರೋ ಅದಕ್ಕೂ ತೊಂಬತ್ತೇಳು ವರ್ಷ ಮೊದಲು, 1856ರಲ್ಲಿ. ಹತ್ತಲಾಗದ, ಹತ್ತಿರ ಸುಳಿಯಲೂ ಅವಕಾಶವಿಲ್ಲದ ಪರ್ವತವನ್ನು ನೂರು ಮೈಲಿಗೂ ಹೆಚ್ಚು ದೂರದಿಂದ ಅಳೆದ ಆ ಮಹಾಕಾರ್ಯದ ಮೊದಲ ಮೆಟ್ಟಿಲು ಹಿಮಾಲಯದ ಬುಡದಲ್ಲಿ ಇರಲಿಲ್ಲ. ಅದು ಇದ್ದುದು ದಕ್ಷಿಣದ ಬಯಲಿನಲ್ಲಿ, ಬೆಂಗಳೂರು ಮತ್ತು ಮದರಾಸುಗಳ ಸಮೀಪದಲ್ಲಿ. ಆ ಮೆಟ್ಟಿಲನ್ನು ಕಟ್ಟಿದವನು ವಿಲಿಯಂ ಲ್ಯಾಂಬ್ಟನ್.

ಲ್ಯಾಂಬ್ಟನ್ ಹದಿನೆಂಟನೆಯ ಶತಮಾನದ ಮಧ್ಯಭಾಗದಲ್ಲಿ ಇಂಗ್ಲೆಂಡಿನ ಯಾರ್ಕ್‌ಷೈರ್ ಪ್ರಾಂತದ ಬಡ ರೈತ ಕುಟುಂಬವೊಂದರಲ್ಲಿ ಜನಿಸಿದನು. ಮನೆಯಲ್ಲಿ ಸಿರಿತನವಿರಲಿಲ್ಲ, ದೊಡ್ಡವರ ಆಶ್ರಯವೂ ಇರಲಿಲ್ಲ. ಆದರೆ ಬಾಲ್ಯದಿಂದಲೂ ಅವನಿಗೆ ಗಣಿತದಲ್ಲಿ ಅಪಾರವಾದ ಆಸಕ್ತಿ ಇತ್ತು. 1781ರಲ್ಲಿ ಸೈನ್ಯದಲ್ಲಿ ಸಣ್ಣ ಅಧಿಕಾರಿಯಾಗಿ ಸೇರಿ ಅವನು ಉತ್ತರ ಅಮೆರಿಕಕ್ಕೆ ಹೋದನು. ಅಲ್ಲಿನ ಕಾಡುಗಳಲ್ಲಿ ಗಡಿಗಳನ್ನು ಗುರುತಿಸುವ ಮೋಜಣಿಯ ಕೆಲಸ ಅವನ ಪಾಲಿಗೆ ಬಂದಿತು. ಒಮ್ಮೆ ಸೂರ್ಯಗ್ರಹಣವನ್ನು ವೀಕ್ಷಿಸುವಾಗ ಅವನ ಒಂದು ಕಣ್ಣಿಗೆ ಪೆಟ್ಟಾಗಿ ದೃಷ್ಟಿ ಕುಂದಿತು. ಮುಂದೆ ಜೀವಮಾನವೆಲ್ಲ ದುರ್ಬೀನಿನಲ್ಲಿ ನೋಡುತ್ತ ಕಳೆಯಬೇಕಾಗಿದ್ದವನಿಗೆ ಇದು ಸಣ್ಣ ಕೊರತೆಯಲ್ಲ. ಆದರೂ ಅವನು ಎದೆಗುಂದಲಿಲ್ಲ. ಸೈನ್ಯದಲ್ಲಿ ಬಡತಿ ದೊರೆಯದಿದ್ದರೂ ಬೇಸರಿಸದೆ ಗಣಿತಗ್ರಂಥಗಳನ್ನು ಅಭ್ಯಾಸಮಾಡುತ್ತ ಹಲವು ವರ್ಷಗಳನ್ನು ಏಕಾಂತದಲ್ಲಿ ಕಳೆದನು. ಮಿತಭಾಷಿಯಾದ ಅವನನ್ನು ಕಂಡವರು ಈತನಿಂದ ಮಹಾಕಾರ್ಯವೊಂದು ನಡೆದೀತೆಂದು ಊಹಿಸಿರಲಾರರು.

ಅವನ ದಂಡು 1797ರ ವೇಳೆಗೆ ಭಾರತಕ್ಕೆ ಬಂದಿತ್ತು. ಅದರ ನಾಯಕ ಆರ್ಥರ್ ವೆಲ್ಲೆಸ್ಲಿ. ಮುಂದೆ ವಾಟರ್ಲೂ ಕದನದಲ್ಲಿ ನೆಪೋಲಿಯನ್ನನನ್ನು ಸೋಲಿಸಿದ ಸೇನಾನಿಯೇ ಇವನು. 1799ರಲ್ಲಿ ಮೈಸೂರಿನ ನಾಲ್ಕನೆಯ ಯುದ್ಧ ನಡೆದಾಗ ಲ್ಯಾಂಬ್ಟನ್ ಶ್ರೀರಂಗಪಟ್ಟಣದ ಮುತ್ತಿಗೆಯಲ್ಲಿದ್ದನು. ಒಂದು ರಾತ್ರಿ ಜನರಲ್ ಬೇರ್ಡನ ಪಡೆ ಕತ್ತಲಲ್ಲಿ ದಾರಿ ತಪ್ಪಿತು. ಆಕಾಶದ ನಕ್ಷತ್ರಗಳನ್ನು ನೋಡಿದ ಲ್ಯಾಂಬ್ಟನ್, ಪಡೆಯು ತಮ್ಮ ಶಿಬಿರದ ಕಡೆಗೆ ಹೋಗದೆ ಶತ್ರುವಿನ ಕಡೆಗೇ ನಡೆಯುತ್ತಿದೆಯೆಂದು ಅರಿತು ಎಚ್ಚರಿಸಿದನು. ಮೊದಲು ಅವನ ಮಾತಿಗೆ ಬೆಲೆ ದೊರೆಯಲಿಲ್ಲ. ದಿಕ್ಸೂಚಿಯನ್ನು ತೆಗೆದು ನೋಡಿದಾಗ ಅವನು ಹೇಳಿದುದೇ ನಿಜವೆಂದು ತಿಳಿಯಿತು. ನೆಲದ ಮೇಲೆ ದಾರಿ ತಪ್ಪಿದವರಿಗೆ ಆಕಾಶದ ಚುಕ್ಕೆಗಳು ದಾರಿ ತೋರಿದವು.

ಯುದ್ಧ ಮುಗಿಯಿತು. ಟಿಪ್ಪು ಸುಲ್ತಾನನು ರಣದಲ್ಲಿ ಮಡಿದನು. ವಿಶಾಲವಾದ ಸೀಮೆಯೊಂದು ಈಸ್ಟ್ ಇಂಡಿಯಾ ಕಂಪನಿಯ ಹಿಡಿತಕ್ಕೆ ಬಂದಿತು. ಕಂದಾಯವನ್ನು ಎತ್ತಲು, ದಂಡನ್ನು ನಡೆಸಲು ಕಂಪನಿಗೆ ಸರಿಯಾದ ನಕ್ಷೆಗಳು ಬೇಕಾಗಿದ್ದವು. ಲ್ಯಾಂಬ್ಟನ್ನನ ಮನಸ್ಸಿನಲ್ಲಿ ಮೂಡಿದ್ದ ಯೋಚನೆ ಇದಕ್ಕಿಂತ ಬಹಳ ದೊಡ್ಡದು. ಭೂಮಿಯು ಪೂರ್ಣವಾದ ಗೋಳವಲ್ಲ, ಧ್ರುವಗಳಲ್ಲಿ ತುಸು ಚಪ್ಪಟೆಯಾಗಿದೆ ಎಂಬುದು ಆ ವೇಳೆಗೆ ತಿಳಿದಿತ್ತು; ಎಷ್ಟು ಚಪ್ಪಟೆ ಎಂಬುದು ಖಚಿತವಾಗಿರಲಿಲ್ಲ. ಅದನ್ನು ತಿಳಿಯಬೇಕಾದರೆ ಸಮಭಾಜಕ ವೃತ್ತಕ್ಕೆ ಹತ್ತಿರದ ನಾಡಿನಲ್ಲಿ ಉತ್ತರ-ದಕ್ಷಿಣವಾಗಿ ಒಂದು ಉದ್ದನೆಯ ರೇಖೆಯನ್ನು ಅತಿ ಸೂಕ್ಷ್ಮವಾಗಿ ಅಳೆಯಬೇಕಾಗಿತ್ತು. ಪೂರ್ವದ ಕಡಲಿನಿಂದ ಪಶ್ಚಿಮದ ಕಡಲಿನವರೆಗೂ ತ್ರಿಕೋನಗಳ ಜಾಲವನ್ನು ಹೆಣೆಯಬೇಕು. ಅದರ ನಡುವೆ ಉತ್ತರ-ದಕ್ಷಿಣವಾಗಿ ಒಂದು ರೇಖೆಯನ್ನು ನಡೆಸಬೇಕು ಎಂಬುದು ಅವನ ಯೋಜನೆ. ಕಂಪನಿಗೆ ಬೇಕಾದುದು ರಾಜ್ಯದ ನಕ್ಷೆ. ಲ್ಯಾಂಬ್ಟನ್ನನಿಗೆ ಬೇಕಾದುದು ಭೂಮಿಯ ಆಕಾರ. ವೆಲ್ಲೆಸ್ಲಿಯ ಬೆಂಬಲದಿಂದ 1800ರಲ್ಲಿ ಮದರಾಸು ಸರ್ಕಾರದ ಒಪ್ಪಿಗೆ ದೊರೆಯಿತು.

ಹೊಸ ಕಾರ್ಯವನ್ನು ಕೈಗೊಂಡವರು ಹಾಸ್ಯಕ್ಕೆ ಗುರಿಯಾಗುವುದು ಲೋಕದ ರೂಢಿ. ಶ್ರೀರಂಗಪಟ್ಟಣಕ್ಕೆ ಹೋಗಬೇಕಾದವನು ಪಲ್ಲಕ್ಕಿ ಹೊರುವವರಿಗೆ ಒಂದು ಮಾತು ಹೇಳಿದರೆ ಸಾಕು, ಅವರೇ ಕರೆದೊಯ್ಯುತ್ತಾರೆ. ಇದಕ್ಕೆ ನಕ್ಷತ್ರ, ಗಣಿತಗಳ ಗೊಡವೆ ಏಕೆ ಎಂದು ಮದರಾಸಿನ ಹಣಕಾಸಿನ ಅಧಿಕಾರಿಯೊಬ್ಬನು ಮೂದಲಿಸಿದನಂತೆ. ಲ್ಯಾಂಬ್ಟನ್ ವಾದಕ್ಕೆ ಇಳಿಯಲಿಲ್ಲ. ಅವನು ಸರಪಳಿಯನ್ನು ಹಿಡಿದು ಬಯಲಿಗೆ ನಡೆದನು.

ಮೈಸೂರು ಸೀಮೆಯಲ್ಲಿ ಆ ಕಾಲಕ್ಕೆ ಮೂರು ಬಗೆಯ ಶೋಧನೆಗಳು ಒಟ್ಟಿಗೆ ನಡೆದುವು. ಫ್ರಾನ್ಸಿಸ್ ಬುಕಾನನ್ 1800 ಮತ್ತು 1801ರಲ್ಲಿ ಊರಿಂದೂರಿಗೆ ಸಂಚರಿಸಿ ಬೆಳೆ, ಕಸುಬು, ವ್ಯಾಪಾರಗಳ ವಿವರಗಳನ್ನು ಬರೆದುಕೊಂಡನು. ಚಿಕ್ಕನಾಯಕನಹಳ್ಳಿಯ ತೆಂಗಿನ ಸೀಮೆಯೂ ಅವನ ಹಾದಿಯಲ್ಲಿತ್ತು. ಕಾಲಿನ್ ಮೆಕೆಂಜಿ ಹಳ್ಳಿ, ಕೆರೆ, ಗಡಿಗಳ ನಕ್ಷೆಗಳನ್ನು ಬರೆಯಿಸುತ್ತ ಶಾಸನಗಳನ್ನೂ ಕೈಫಿಯತ್ತುಗಳನ್ನೂ ಸಂಗ್ರಹಿಸಿದನು. ಲ್ಯಾಂಬ್ಟನ್ನನದು ಮೂರನೆಯ ದಾರಿ. ಒಂದು ಬೆಟ್ಟದ ತುದಿಗೂ ಮತ್ತೊಂದು ಬೆಟ್ಟದ ತುದಿಗೂ ಇರುವ ದೂರವೇ ಅವನ ವಿಷಯ. ಉಳಿದ ನಕ್ಷೆಗಳೆಲ್ಲ ಅಲುಗದೆ ನಿಲ್ಲಲು ಬೇಕಾದ ಗೂಟಗಳನ್ನು ಅವನು ಹೊಡೆಯುತ್ತಿದ್ದನು.

ತ್ರಿಕೋನದ ಮೋಜಣಿಯಲ್ಲಿ ಮೊದಲು ಬೇಕಾದುದು ಒಂದು ಆಧಾರರೇಖೆ. ಸಮನಾದ ನೆಲದ ಮೇಲೆ ಹಲವು ಮೈಲಿ ಉದ್ದದ ನೇರವಾದ ಗೆರೆಯೊಂದನ್ನು ಸರಪಳಿಯಿಂದ ಅಳೆಯಬೇಕು. ಅನಂತರ ಅದರ ಎರಡು ತುದಿಗಳಿಂದಲೂ ದೂರದ ಒಂದು ಬೆಟ್ಟದ ತುದಿಯನ್ನು ನೋಡಿ ಕೋನಗಳನ್ನು ಅಳೆಯಬೇಕು. ಒಂದು ಭುಜವೂ ಎರಡು ಕೋನಗಳೂ ತಿಳಿದರೆ ಉಳಿದೆರಡು ಭುಜಗಳನ್ನು ಲೆಕ್ಕದಿಂದಲೇ ಪಡೆಯಬಹುದು. ಹೀಗೆ ದೊರೆತ ಭುಜವು ಮುಂದಿನ ತ್ರಿಕೋನಕ್ಕೆ ಆಧಾರವಾಗುತ್ತದೆ. ಸರಪಳಿಯನ್ನು ಮತ್ತೆ ನೆಲಕ್ಕೆ ಇಳಿಸದೆ ನೂರಾರು ಮೈಲಿ ಸಾಗಬಹುದು. ಆದರೆ ಮೊದಲ ರೇಖೆಯಲ್ಲಿ ನುಸುಳಿದ ತಪ್ಪು ಎಲ್ಲ ತ್ರಿಕೋನಗಳಲ್ಲಿಯೂ ಹರಡಿಕೊಳ್ಳುತ್ತದೆ.

ಆದುದರಿಂದ ಲ್ಯಾಂಬ್ಟನ್ ಆಧಾರರೇಖೆಯಲ್ಲಿ ತೋರಿದ ಎಚ್ಚರ ಅಸಾಧಾರಣವಾದುದು. 1800ರ ಕೊನೆಯಲ್ಲಿ ಬೆಂಗಳೂರಿನ ಸಮೀಪದ ಬಯಲಿನಲ್ಲಿ ಅವನು ಮೊದಲ ಪ್ರಯೋಗವನ್ನು ಮಾಡಿದನು. ಅವನ ಬಳಿ ಇದ್ದ ಉಕ್ಕಿನ ಸರಪಳಿಯ ಉದ್ದ ನೂರು ಅಡಿ. ಚೀನಾದ ಚಕ್ರವರ್ತಿಗೆಂದು ಕಳುಹಿಸಿದ್ದ ಕಾಣಿಕೆಗಳಲ್ಲಿ ಸೇರಿದ್ದ ಆ ಸರಪಳಿ ಕೈಯಿಂದ ಕೈಗೆ ಬಂದು ಕೊನೆಗೆ ಕರ್ನಾಟಕದ ನೆಲವನ್ನು ಅಳೆಯಿತು. 1802ರ ಏಪ್ರಿಲ್ 10ರಂದು ಮದರಾಸಿನ ಸೇಂಟ್ ಥಾಮಸ್ ಬೆಟ್ಟದ ಬಳಿ ಏಳೂವರೆ ಮೈಲಿ ಉದ್ದದ ಆಧಾರರೇಖೆಯ ಅಳತೆ ಪ್ರಾರಂಭವಾಯಿತು. ಸರಪಳಿಯನ್ನು ನೆಲದ ಮೇಲೆ ಎಳೆಯದೆ ಮರದ ತೊಟ್ಟಿಗಳಲ್ಲಿ ಇಟ್ಟು, ಬಿಗಿಯನ್ನು ಒಂದೇ ಸಮನಾಗಿ ಕಾಯ್ದುಕೊಂಡು, ಬಿಸಿಲು ತಾಗದಂತೆ ಮರೆಮಾಡಿ, ಪಕ್ಕದಲ್ಲಿ ಉಷ್ಣಮಾಪಕಗಳನ್ನು ಇಡುತ್ತಿದ್ದರು. ಉಕ್ಕು ಬಿಸಿಯಾದರೆ ಹಿಗ್ಗುತ್ತದೆ. ಹತ್ತು ಡಿಗ್ರಿ ಸೆಲ್ಸಿಯಸ್ ವ್ಯತ್ಯಾಸವನ್ನು ಲೆಕ್ಕಿಸದೆ ಬಿಟ್ಟರೂ ಅಷ್ಟು ಉದ್ದದ ರೇಖೆಯಲ್ಲಿ ಒಂದು ಮೀಟರಿಗೂ ಹೆಚ್ಚು ತಪ್ಪು ಬರುತ್ತದೆ. ಸುಮಾರು ನಾನೂರು ಬಾರಿ ಸರಪಳಿಯನ್ನು ಹೀಗೆ ಇಟ್ಟು ಎತ್ತಿ ರೇಖೆಯನ್ನು ಮುಗಿಸಲು ವಾರಗಳೇ ಹಿಡಿದುವು.

ಕೋನಗಳನ್ನು ಅಳೆಯಲು ಇಂಗ್ಲೆಂಡಿನಲ್ಲಿ ಮಾಡಿಸಿದ ಥಿಯೊಡಲೈಟ್ ಯಂತ್ರದ ಕಥೆಯೂ ಸ್ವಾರಸ್ಯವಾಗಿದೆ. ಅದರ ತೂಕ ಸುಮಾರು ಅರ್ಧ ಟನ್ನು. ಅದನ್ನು ಹೊತ್ತು ಬರುತ್ತಿದ್ದ ಹಡಗನ್ನು ಫ್ರೆಂಚರು ಸಮುದ್ರದಲ್ಲಿ ಸೆರೆಹಿಡಿದು ಮಾರಿಷಸ್ ದ್ವೀಪಕ್ಕೆ ಒಯ್ದರು. ಪೆಟ್ಟಿಗೆಯನ್ನು ತೆರೆದಾಗ ಅದು ಯುದ್ಧದ ಸಾಧನವಲ್ಲ, ಜ್ಞಾನದ ಸಾಧನ ಎಂದು ಅಲ್ಲಿನ ಫ್ರೆಂಚ್ ಅಧಿಕಾರಿಗೆ ತಿಳಿಯಿತು. ಇಂಗ್ಲೆಂಡಿಗೂ ಫ್ರಾನ್ಸಿಗೂ ಕಡುವೈರವಿದ್ದರೂ ಅವನು ಯಂತ್ರವನ್ನು ಜೋಪಾನವಾಗಿ ಕಟ್ಟಿಸಿ, ಶುಭಾಶಯಗಳೊಂದಿಗೆ ಮದರಾಸಿಗೆ ಕಳುಹಿಸಿಕೊಟ್ಟನು.

ಮದರಾಸಿನಿಂದ ಹೊರಟ ತ್ರಿಕೋನಗಳು ಮೈಸೂರು ಸೀಮೆಯ ಪ್ರಸ್ಥಭೂಮಿಯನ್ನು ಏರಿ ಪಶ್ಚಿಮದ ಕಡಲಿನತ್ತ ಸಾಗಿದುವು. ಬಯಲುಸೀಮೆಯಲ್ಲಿ ತೋಪುಗಳು, ತೆಂಗು ಅಡಿಕೆಗಳ ತೋಟಗಳು ನೋಟಕ್ಕೆ ಅಡ್ಡಬರುತ್ತವೆ. ತಿಪಟೂರಿನಂತಹ ನಾಡಿನಲ್ಲಿ ತೋಟದೊಳಗೆ ನಿಂತವನಿಗೆ ಪಕ್ಕದ ಊರೂ ಕಾಣದು. ಎತ್ತರದ ಬಂಡೆಯನ್ನೋ ಗುಡ್ಡವನ್ನೋ ಏರಿದಾಗ ಅದೇ ನಾಡು ಹರಡಿದ ಚಾಪೆಯಂತೆ ಕಾಣುತ್ತದೆ. ಲ್ಯಾಂಬ್ಟನ್ ತನ್ನ ಠಾಣ್ಯಗಳನ್ನು ಬೆಟ್ಟಗಳ ತುದಿಯಲ್ಲಿ ಆರಿಸಿಕೊಂಡುದು ಇದಕ್ಕಾಗಿಯೇ. ಸಾವನದುರ್ಗದ ಬೃಹತ್ತಾದ ಬಂಡೆ, ಪಶ್ಚಿಮಘಟ್ಟದ ಬಲ್ಲಾಳರಾಯನದುರ್ಗ, ಕೊಡಗಿನ ತಡಿಯಂಡಮೋಳ್ ಇವೆಲ್ಲ ಅವನ ತ್ರಿಕೋನಗಳ ಮೂಲೆಗಳಾದುವು. ಇಂದಿನ ತುಮಕೂರು, ಹಾಸನ ಜಿಲ್ಲೆಗಳ ಬಯಲು ಈ ಬೆಟ್ಟಗಳ ನಡುವೆ ಹರಡಿಕೊಂಡಿದೆ. ಮುಂದೆ ಈ ನಾಡಿನ ಊರು, ಕೆರೆ, ರಸ್ತೆಗಳು ನಕ್ಷೆಯಲ್ಲಿ ತಮ್ಮ ತಮ್ಮ ಸ್ಥಾನಗಳನ್ನು ಪಡೆದುದು ಇಂತಹ ತ್ರಿಕೋನಗಳ ಆಸರೆಯಿಂದ.

1804ರಲ್ಲಿ ಬೆಂಗಳೂರಿನ ಬಳಿ ಮತ್ತೊಂದು ಆಧಾರರೇಖೆಯನ್ನು ಅಳೆಯಲಾಯಿತು. ಆ ಕೆಲಸವನ್ನು ನಡೆಸಿದವನು ಜಾನ್ ವಾರೆನ್; 1802ರಲ್ಲಿ ಕೋಲಾರದ ಚಿನ್ನದ ನೆಲವನ್ನು ಶೋಧಿಸಿದವನೂ ಇವನೇ. ಮದರಾಸಿನಿಂದ ತ್ರಿಕೋನಗಳ ಲೆಕ್ಕದಲ್ಲಿ ಬಂದ ಉದ್ದಕ್ಕೂ ಬೆಂಗಳೂರಿನ ನೆಲದ ಮೇಲೆ ಸರಪಳಿಯಿಂದ ಅಳೆದ ಉದ್ದಕ್ಕೂ ಬಂದ ವ್ಯತ್ಯಾಸ ಕೆಲವೇ ಅಂಗುಲಗಳು. ಇನ್ನೂರು ಮೈಲಿಯ ಹಾದಿಯನ್ನು ಬೆಟ್ಟದಿಂದ ಬೆಟ್ಟಕ್ಕೆ ಹಾರಿಬಂದ ಲೆಕ್ಕವು ಇಷ್ಟು ಸರಿಯಾಗಿ ಕೂಡಿಬಂದಾಗ ಮೂದಲಿಸಿದವರೂ ಸುಮ್ಮನಾದರು. 1806ರ ವೇಳೆಗೆ ಜಾಲವು ಮಂಗಳೂರಿನ ಕಡಲತೀರವನ್ನು ಮುಟ್ಟಿತು. ಮದರಾಸಿಗೂ ಮಂಗಳೂರಿಗೂ ನಡುವೆ ಇರುವ ಅಂತರ ಹಳೆಯ ನಕ್ಷೆಗಳು ಹೇಳುತ್ತಿದ್ದಂತೆ 400 ಮೈಲಿಯಲ್ಲ, ಸುಮಾರು 360 ಮೈಲಿ ಎಂದು ತಿಳಿಯಿತು. ಪಲ್ಲಕ್ಕಿಯವರಿಗೆ ದಾರಿ ಗೊತ್ತಿತ್ತು, ದೂರ ಗೊತ್ತಿರಲಿಲ್ಲ.

ಅನಂತರ ಲ್ಯಾಂಬ್ಟನ್ ತನ್ನ ಜೀವನದ ಮುಖ್ಯ ಕಾರ್ಯವಾದ ಉತ್ತರ-ದಕ್ಷಿಣ ರೇಖೆಯ ಕಡೆಗೆ ಗಮನವನ್ನು ತಿರುಗಿಸಿದನು. ಇದೇ ಮುಂದೆ ಮಹಾಕಂಸವೆಂದು ಹೆಸರಾಯಿತು. 1808ರಲ್ಲಿ ತಂಜಾವೂರಿನ ಬೃಹದೀಶ್ವರ ದೇವಾಲಯದ ಗೋಪುರದ ಮೇಲಕ್ಕೆ ಥಿಯೊಡಲೈಟನ್ನು ಎಳೆಯುತ್ತಿದ್ದಾಗ ಹಗ್ಗ ಕಡಿದು ಯಂತ್ರವು ಗೋಡೆಗೆ ಅಪ್ಪಳಿಸಿತು. ಕೋನಗಳನ್ನು ತೋರುವ ಹಿತ್ತಾಳೆಯ ವೃತ್ತವು ನಜ್ಜುಗುಜ್ಜಾಯಿತು. ನೋಡಿದವರೆಲ್ಲ ಮೋಜಣಿಯ ಕತೆ ಮುಗಿಯಿತೆಂದು ಭಾವಿಸಿದರು. ಲ್ಯಾಂಬ್ಟನ್ ಯಾರನ್ನೂ ಗದರಿಸಲಿಲ್ಲ. ಯಂತ್ರವನ್ನು ಬಿಚ್ಚಿ, ಆ ವೃತ್ತವನ್ನು ಅಂಗುಲ ಅಂಗುಲವಾಗಿ ಎಳೆದು ಬಡಿದು ಆರು ವಾರಗಳಲ್ಲಿ ಮೊದಲಿನ ಆಕಾರಕ್ಕೆ ತಂದನು. ಅದೇ ಯಂತ್ರ ಮತ್ತೆ ಅನೇಕ ವರ್ಷ ದುಡಿಯಿತು. 1809ರಲ್ಲಿ ರೇಖೆಯು ಕನ್ಯಾಕುಮಾರಿಯ ನೆರೆಯನ್ನು ಮುಟ್ಟಿತು.

ಇಷ್ಟು ದೊಡ್ಡ ಕಾರ್ಯವು ಒಬ್ಬನಿಂದ ಆಗುವಂತಹುದಲ್ಲ. ಬೆಟ್ಟದ ತುದಿಗೆ ಯಂತ್ರವನ್ನು ಹೊತ್ತವರು, ದೂರದ ಬಂಡೆಯ ಮೇಲೆ ಬಾವುಟವನ್ನು ಹಿಡಿದು ದಿನಗಟ್ಟಲೆ ಕಾದವರು, ಮುಳ್ಳುಪೊದೆಗಳನ್ನು ಕಡಿದು ದಾರಿ ಮಾಡಿದವರು ಎಲ್ಲರೂ ಈ ನಾಡಿನ ಜನ. ಮಳೆಗಾಲದಲ್ಲಿ ಧೂಳು ಅಡಗಿ ದೂರದ ಬೆಟ್ಟಗಳು ನಿಚ್ಚಳವಾಗಿ ಕಾಣುತ್ತಿದ್ದುದರಿಂದ ಆ ಕಾಲದಲ್ಲೇ ಕೆಲಸ ನಡೆಯುತ್ತಿತ್ತು. ಜ್ವರಗಳು ಹಬ್ಬುತ್ತಿದ್ದುದೂ ಅದೇ ಕಾಲದಲ್ಲಿ. ಕಾಡುಗಳಲ್ಲಿ ಜ್ವರಕ್ಕೆ ಸಿಕ್ಕಿ ಮಡಿದವರು ಬಹುಮಂದಿ. ಅವರ ಹೆಸರುಗಳು ಯಾವ ನಕ್ಷೆಯಲ್ಲಿಯೂ ಇಲ್ಲ.

ರೇಖೆಯು ಉತ್ತರಕ್ಕೆ ಬೆಳೆಯಿತು. 1815ರಲ್ಲಿ ಬೀದರಿನ ಸೀಮೆಯಲ್ಲಿ ಇನ್ನೊಂದು ಆಧಾರರೇಖೆಯನ್ನು ಅಳೆದರು. ಲ್ಯಾಂಬ್ಟನ್ನನ ಕೀರ್ತಿ ಯೂರೋಪಿಗೂ ಮುಟ್ಟಿತು. 1817ರಲ್ಲಿ ಅವನು ಲಂಡನ್ನಿನ ರಾಯಲ್ ಸೊಸೈಟಿಗೆ ಆಯ್ಕೆಯಾದನು. 1818ರಲ್ಲಿ ಈ ಕಾರ್ಯವು ಭಾರತದ ಮಹಾ ತ್ರಿಕೋನಮಿತೀಯ ಮೋಜಣಿ ಎಂಬ ಹೆಸರನ್ನು ಪಡೆಯಿತು. ಜಾರ್ಜ್ ಎವರೆಸ್ಟ್ ಎಂಬ ತರುಣನು ಮುಖ್ಯ ಸಹಾಯಕನಾಗಿ ನೇಮಕಗೊಂಡನು. ಮುಪ್ಪಿನಲ್ಲಿಯೂ ಲ್ಯಾಂಬ್ಟನ್ ಡೇರೆಯ ಬಾಳನ್ನು ಬಿಡಲಿಲ್ಲ. ಎಪ್ಪತ್ತರ ಆಸುಪಾಸಿನ ವಯಸ್ಸಿನಲ್ಲಿ ಹೈದರಾಬಾದಿನಿಂದ ನಾಗಪುರದ ಕಡೆಗೆ ಪ್ರಯಾಣಮಾಡುತ್ತಿದ್ದಾಗ, 1823ರ ಜನವರಿ 20ರಂದು ಹಿಂಗನಘಾಟ್ ಎಂಬಲ್ಲಿ ಅವನು ಕೊನೆಯುಸಿರೆಳೆದನು. ಆ ವೇಳೆಗೆ ಒಂದೂವರೆ ಲಕ್ಷ ಚದರ ಮೈಲಿಗೂ ಹೆಚ್ಚಿನ ನೆಲವು ಅವನ ತ್ರಿಕೋನಗಳಲ್ಲಿ ಸೇರಿತ್ತು. ಹಿಮಾಲಯವನ್ನು ಅವನು ಕಾಣಲಿಲ್ಲ. ಅವನು ಕೆಲಸವನ್ನು ಪ್ರಾರಂಭಿಸಿದ ಕಾಲದಲ್ಲಿ ದಕ್ಷಿಣ ಅಮೆರಿಕದ ಚಿಂಬೊರಾಸೊ ಎಂಬುದೇ ಜಗತ್ತಿನ ಅತ್ಯುನ್ನತ ಪರ್ವತವೆಂದು ಪಂಡಿತರು ನಂಬಿದ್ದರು.

ಗುರುವು ಬಿಟ್ಟ ಕೆಲಸವನ್ನು ಎವರೆಸ್ಟ್ ಮುಂದುವರಿಸಿದನು. ಅವನು ಹೊಸ ಸಾಧನಗಳನ್ನು ತರಿಸಿ ಹಳೆಯ ಅಳತೆಗಳನ್ನು ತಿದ್ದಿದನು. ಬೆಟ್ಟಗಳಿಲ್ಲದ ಗಂಗಾ ಬಯಲಿನಲ್ಲಿ ಎತ್ತರದ ಗೋಪುರಗಳನ್ನು ಕಟ್ಟಿಸಿದನು. 1841ರಲ್ಲಿ ಬೀದರಿನ ಆಧಾರರೇಖೆಯನ್ನು ಮತ್ತೊಮ್ಮೆ ಅಳೆದುದರೊಂದಿಗೆ ಕನ್ಯಾಕುಮಾರಿಯ ನೆರೆಯಿಂದ ಹಿಮಾಲಯದ ಬುಡದ ಡೆಹರಾಡೂನಿನವರೆಗಿನ, ಸುಮಾರು 2,400 ಕಿಲೋಮೀಟರು ಉದ್ದದ ಮಹಾಕಂಸವು ಪೂರ್ಣವಾಯಿತು.

ಆಗ ಮೋಜಣಿಯ ದೃಷ್ಟಿ ಹಿಮಶಿಖರಗಳ ಕಡೆಗೆ ತಿರುಗಿತು. ನೇಪಾಳವು ಪರದೇಶಿಯರಿಗೆ ಪ್ರವೇಶವನ್ನು ಕೊಟ್ಟಿರಲಿಲ್ಲ. ಎವರೆಸ್ಟನ ಉತ್ತರಾಧಿಕಾರಿಯಾದ ಆಂಡ್ರ್ಯೂ ವಾ ಎಂಬುವನ ಕಡೆಯವರು ಬಿಹಾರದ ಬಯಲಿನಲ್ಲಿ ನಿಂತು, ನೂರು ಮೈಲಿಗೂ ಆಚೆ ಮಿನುಗುತ್ತಿದ್ದ ಶಿಖರಗಳನ್ನು ಯಂತ್ರದಿಂದ ನೋಡಿದರು. ಅವುಗಳಲ್ಲಿ ಒಂದಕ್ಕೆ ಹದಿನೈದನೆಯ ಶಿಖರವೆಂಬ ಸಂಖ್ಯೆ ಮಾತ್ರ ಇತ್ತು. ಮುಂದೆ ನಿಂತ ಬೆಟ್ಟಗಳ ಮರೆಯಲ್ಲಿ ಅದು ಅಷ್ಟೇನೂ ದೊಡ್ಡದಾಗಿ ಕಾಣುತ್ತಿರಲಿಲ್ಲ.

ಅಷ್ಟು ದೂರದಿಂದ ಎತ್ತರವನ್ನು ಅಳೆಯುವುದು ತೆಂಗಿನ ಮರದ ನೆರಳನ್ನು ಅಳೆದಷ್ಟು ಸುಲಭವಲ್ಲ. ಭೂಮಿಯು ಬಾಗಿರುವುದರಿಂದ ದೂರದ ವಸ್ತು ದಿಗಂತದ ಕೆಳಕ್ಕೆ ಇಳಿಯುತ್ತದೆ. 110 ಮೈಲಿ ದೂರದಲ್ಲಿ ಈ ಇಳಿತವೇ ಸುಮಾರು 8,000 ಅಡಿ. ಭೂಮಿಯ ಬಾಗುವಿಕೆ ಎಷ್ಟೆಂದು ನಿಖರವಾಗಿ ತಿಳಿಯದಿದ್ದರೆ ಈ ಲೆಕ್ಕವನ್ನು ಸರಿಯಾಗಿ ಕೂಡಿಸುವಂತಿಲ್ಲ. ಲ್ಯಾಂಬ್ಟನ್ ಬೆಂಗಳೂರಿನ ಬಯಲಿನಲ್ಲಿ ಸರಪಳಿ ಹಿಡಿದು ಹೊರಟುದು ಈ ಬಾಗುವಿಕೆಯನ್ನೇ ಅರಿಯುವುದಕ್ಕಾಗಿ. ಇದಲ್ಲದೆ ಗಾಳಿಯ ಪದರಗಳಲ್ಲಿ ಬೆಳಕಿನ ಕಿರಣ ಬಾಗುತ್ತದೆ. ಪರ್ವತರಾಶಿಯ ಆಕರ್ಷಣೆಯಿಂದ ತೂಗುಗುಂಡಿನ ದಾರವೂ ತುಸು ಓರೆಯಾಗುತ್ತದೆ. ಇಂತಹ ತೊಡಕುಗಳನ್ನು ಲೆಕ್ಕಕ್ಕೆ ತಂದು ಎತ್ತರವನ್ನು ಗಣಿಸುವ ಕಾರ್ಯದಲ್ಲಿ ಕಲ್ಕತ್ತದ ಮುಖ್ಯ ಗಣಕನಾಗಿದ್ದ ರಾಧಾನಾಥ ಸಿಕ್ದಾರ ಎಂಬ ಬಂಗಾಳಿ ಗಣಿತಜ್ಞನ ಪಾತ್ರ ಹಿರಿದು. 1852ರಲ್ಲಿ ಹದಿನೈದನೆಯ ಶಿಖರವೇ ಎಲ್ಲಕ್ಕಿಂತ ಎತ್ತರವೆಂದು ಕಂಡುಬಂದಿತು. ಮತ್ತೆ ಮತ್ತೆ ಪರಿಶೀಲಿಸಿ 1856ರಲ್ಲಿ ಅದರ ಎತ್ತರ 29,002 ಅಡಿ ಎಂದು ಪ್ರಕಟಿಸಲಾಯಿತು.

ಆಂಡ್ರ್ಯೂ ವಾ ಆ ಶಿಖರಕ್ಕೆ ತನ್ನ ಹಿಂದಿನ ಅಧಿಕಾರಿಯಾದ ಎವರೆಸ್ಟನ ಹೆಸರನ್ನು ಸೂಚಿಸಿದನು. ಭಾರತದ ಜನರಿಗೆ ಆ ಹೆಸರನ್ನು ಉಚ್ಚರಿಸುವುದು ಕಷ್ಟವೆಂದು ಎವರೆಸ್ಟನೇ ಆಕ್ಷೇಪಿಸಿದರೂ 1865ರಲ್ಲಿ ಆ ಹೆಸರು ಅಧಿಕೃತವಾಯಿತು. ಟಿಬೆಟ್ಟಿನ ಜನ ಅದನ್ನು ಚೊಮೊಲುಂಗ್ಮ ಎಂದೂ ನೇಪಾಳದ ಜನ ಸಾಗರಮಾಥಾ ಎಂದೂ ಕರೆಯುತ್ತಾರೆ.

ಈ ಪರ್ವತವು ನೇಪಾಳ ಮತ್ತು ಟಿಬೆಟ್ಟುಗಳ ಗಡಿಯಲ್ಲಿದೆ. ಮೂರು ಮುಖಗಳೂ ಅವುಗಳ ನಡುವೆ ಮೂರು ಏಣುಗಳೂ ಉಳ್ಳ ದೊಡ್ಡ ಗೋಪುರದಂತೆ ಅದು ನಿಂತಿದೆ. ಅದರ ತುದಿಯ ಕಲ್ಲು ಒಂದಾನೊಂದು ಕಾಲದಲ್ಲಿ ಸಮುದ್ರದ ತಳದಲ್ಲಿದ್ದ ಸುಣ್ಣದ ಕಲ್ಲು. ಭಾರತದ ಭೂಫಲಕವು ಏಷ್ಯದ ಭೂಫಲಕವನ್ನು ಒತ್ತಿದುದರಿಂದ ಕಡಲತಳವೇ ಆಕಾಶಕ್ಕೆ ಎದ್ದಿತು. ಮೇಲೆ ಬಿದ್ದ ಹಿಮವು ವರ್ಷವರ್ಷವೂ ಅದುಮಿಕೊಂಡು ಗಟ್ಟಿಯಾದ ಮಂಜುಗಡ್ಡೆಯಾಗಿ, ತನ್ನ ಭಾರದಿಂದಲೇ ಮೆಲ್ಲಮೆಲ್ಲನೆ ಕೆಳಕ್ಕೆ ಹರಿಯುತ್ತದೆ. ಇದೇ ಹಿಮನದಿ. ಉತ್ತರದಲ್ಲಿ ರೊಂಗ್ಬುಕ್, ಪೂರ್ವದಲ್ಲಿ ಕಾಂಗ್‌ಶುಂಗ್, ನೇಪಾಳದ ಕಡೆ ಖುಂಬು ಎಂಬ ಹಿಮನದಿಗಳು ಈ ಪರ್ವತದಿಂದ ಇಳಿಯುತ್ತವೆ. ಖುಂಬು ಹಿಮನದಿಯು ಕಡಿದಾದ ಜಾಗದಲ್ಲಿ ಮನೆಗಾತ್ರದ ಗಡ್ಡೆಗಳಾಗಿ ಒಡೆದು, ಆಳವಾದ ಬಿರುಕುಗಳಿಂದ ತುಂಬಿದೆ. ತಿಪಟೂರಿನ ನೆಲ ಸಮುದ್ರಮಟ್ಟದಿಂದ 800 ಮೀಟರಿಗೂ ಎತ್ತರದಲ್ಲಿದೆ. ಈ ಶಿಖರ ಅದರ ಸುಮಾರು ಹತ್ತರಷ್ಟು. ತುದಿಯಲ್ಲಿ ಉಸಿರಿಗೆ ದೊರೆಯುವ ಆಮ್ಲಜನಕ ಕಡಲತೀರದಲ್ಲಿ ದೊರೆಯುವುದರ ಮೂರನೆಯ ಒಂದು ಪಾಲು ಮಾತ್ರ.

ಇಂತಹ ಶಿಖರವನ್ನು ಏರುವ ಪ್ರಯತ್ನಗಳು 1921ರಲ್ಲಿ ಟಿಬೆಟ್ಟಿನ ಕಡೆಯ ದಾರಿಯನ್ನು ಶೋಧಿಸುವುದರೊಂದಿಗೆ ಮೊದಲಾದುವು. 1924ರಲ್ಲಿ ತುದಿಯತ್ತ ನಡೆದ ಮಲೋರಿ ಮತ್ತು ಇರ್ವಿನ್ ಹಿಂದಿರುಗಲಿಲ್ಲ. 1952ರಲ್ಲಿ ಸ್ವಿಸ್ ತಂಡದ ಲ್ಯಾಂಬರ್ಟನೊಡನೆ ತೇನ್‌ಸಿಂಗ್ ನೋರ್ಗೆ ಶಿಖರದ ಸಮೀಪದವರೆಗೂ ಏರಿ, ಮುಂದೆ ಹೋಗಲಾಗದೆ ಇಳಿದನು. ಮರುವರ್ಷ, 1953ರ ಮೇ 29ರಂದು, ಅದೇ ತೇನ್‌ಸಿಂಗ್ ಮತ್ತು ನ್ಯೂಜಿಲೆಂಡಿನ ಎಡ್ಮಂಡ್ ಹಿಲರಿ ಖುಂಬುವಿನ ದಾರಿಯಿಂದ ಏರಿ ತುದಿಯ ಮೇಲೆ ನಿಂತರು. 1965ರಲ್ಲಿ ಭಾರತದ ತಂಡದ ಒಂಬತ್ತು ಮಂದಿ ಶಿಖರವನ್ನು ಮುಟ್ಟಿದರು. 1984ರಲ್ಲಿ ಬಚೇಂದ್ರಿ ಪಾಲ್ ಆ ತುದಿಯನ್ನು ಮುಟ್ಟಿದ ಭಾರತದ ಮೊದಲ ಮಹಿಳೆಯಾದರು.

ಕಾಲ ಮುಂದುವರಿದಂತೆ ಅಳತೆಯ ಸಾಧನಗಳೂ ಬೆಳೆದುವು. 2020ರಲ್ಲಿ ನೇಪಾಳ ಮತ್ತು ಚೀನಾ ದೇಶಗಳು, ಕೃತಕ ಉಪಗ್ರಹಗಳ ನೆರವಿನಿಂದ ಕಂಡುಕೊಂಡ 8,848.86 ಮೀಟರು ಎಂಬ ಎತ್ತರವನ್ನು ಪ್ರಕಟಿಸಿದುವು. 1856ರಲ್ಲಿ ಹೇಳಿದ್ದ 29,002 ಅಡಿಯನ್ನು ಮೀಟರುಗಳಿಗೆ ತಿರುಗಿಸಿದರೆ ಸುಮಾರು 8,840. ಎರಡಕ್ಕೂ ಇರುವ ವ್ಯತ್ಯಾಸ ಒಂಬತ್ತು ಮೀಟರು. ಬೆಳೆದ ಒಂದು ತೆಂಗಿನ ಮರದ ಎತ್ತರಕ್ಕಿಂತಲೂ ಕಡಿಮೆ.

ಶಿಖರವು ಎವರೆಸ್ಟನ ಹೆಸರನ್ನು ಹೊತ್ತಿದೆ. ಅದನ್ನು ಏರಿದವರ ಹೆಸರುಗಳು ಎಲ್ಲರ ನಾಲಗೆಯ ಮೇಲಿವೆ. ಲ್ಯಾಂಬ್ಟನ್ನನ ಹೆಸರನ್ನು ಹೊತ್ತ ಹಿಮಶಿಖರವಿಲ್ಲ. ಅವನ ಸಮಾಧಿ ಹಿಂಗನಘಾಟಿನಲ್ಲಿ ಎಲೆಮರೆಯಲ್ಲಿದೆ. ಆದರೆ ಕಟ್ಟಡದ ಎತ್ತರಕ್ಕೆ ಅಡಿಗಲ್ಲು ಕಾರಣವಾಗುವಂತೆ, ಈ ಎಲ್ಲ ಎತ್ತರಗಳ ಲೆಕ್ಕಕ್ಕೂ ಅವನು ನೆಲದ ಮೇಲೆ ಎಳೆದ ರೇಖೆ ಆಧಾರವಾಗಿ ನಿಂತಿದೆ. ತಾನು ಕಾಣಲಾರದ ಫಲಕ್ಕಾಗಿ, ಒಂದು ಅಂಗುಲದ ತಪ್ಪಿಗೂ ಅಂಜಿ, ಇಪ್ಪತ್ತು ವರ್ಷಗಳಿಗೂ ಹೆಚ್ಚು ಕಾಲ ದುಡಿದವನ ಹಿರಿಮೆಯನ್ನು ಅಳೆಯಲು ಯಾವ ಸರಪಳಿಯೂ ಸಾಲದು.